ಸಾಲು ಎಲ್ಲಿ ಮುರಿಯಬೇಕು

ನಮ್ಮ ಚಿಕ್ಕಪ್ಪನ ಪ್ರೆಸ್ಸು ಚಾಮರಾಜಪೇಟೆಯಲ್ಲಿತ್ತು. ಮದುವೆ ಕರೆಯೋಲೆ, ಶಾಲೆಯ ಪ್ರಶ್ನೆಪತ್ರಿಕೆ, ಅಂಗಡಿಗಳ ಬಿಲ್ ಬುಕ್ಕು ಅಲ್ಲಿ ಅಚ್ಚಾಗುತ್ತಿದ್ದವು. ಆಗೊಂದು ಈಗೊಂದು ಕವನ ಸಂಕಲನವೂ ಬರುತ್ತಿತ್ತು. ಪಿಯುಸಿ ಮುಗಿದ ರಜೆಯಲ್ಲಿ ನಾನು ಅಲ್ಲಿ ಪ್ರೂಫ್ ನೋಡಲು ಕೂತೆ. ನನ್ನ ಕಾವ್ಯದ ಪಾಠ ಶುರುವಾದದ್ದು ಅಲ್ಲಿ, ಸೀಸದ ವಾಸನೆಯ ನಡುವೆ.

ಅಲ್ಲಿ ಮೊಳೆ, ಅಂದರೆ ಸೀಸದ ಅಚ್ಚಕ್ಷರ, ಜೋಡಿಸುವ ಒಬ್ಬರು ತಾತ ಇದ್ದರು. ಕನ್ನಡದ ಮೊಳೆಗಳಿಗೆ ಖಾನೆಗಳು ಬಹಳ ಜಾಸ್ತಿ. ಅಕ್ಷರಕ್ಕೊಂದು, ಗುಣಿತಕ್ಕೊಂದು, ಒತ್ತಿಗೊಂದು. ತಾತ ಯಾವ ಖಾನೆಯನ್ನೂ ನೋಡುತ್ತಿರಲಿಲ್ಲ. ಕೈ ತಾನಾಗಿ ಹೋಗುತ್ತಿತ್ತು. ಎಡಗೈಯಲ್ಲಿ ಸಾಲು ಜೋಡಿಸಿಕೊಳ್ಳುವ ಸ್ಟಿಕ್ಕು, ಬಲಗೈಯಲ್ಲಿ ಅಕ್ಷರ. ಒಂದು ಮಧ್ಯಾಹ್ನ ಧೈರ್ಯ ಮಾಡಿ ನನ್ನದೊಂದು ಪದ್ಯ ಅವರಿಗೆ ಕೊಟ್ಟೆ. ಸುಮ್ನೆ ಒಂದು ಸಲ ಅಚ್ಚಿನಲ್ಲಿ ನೋಡುವ ಆಸೆ. ಅವರು ನಾಲ್ಕು ಸಾಲು ಓದಿ ಕೇಳಿದರು: ‘ಈ ಸಾಲು ಇಲ್ಲೇ ಯಾಕೆ ನಿಲ್ಲುತ್ತೆ ಕಣಮ್ಮ?’

ನನ್ನ ಹತ್ತಿರ ಉತ್ತರ ಇರಲಿಲ್ಲ. ಪ್ರಾಸ ಅಲ್ಲಿ ಬಂತು, ಅದಕ್ಕೇ ನಿಲ್ಲಿಸಿದೆ ಎಂದೆ. ಪದ್ಯ ಹೀಗಿತ್ತು:

ಅಮ್ಮ ನೀರು ಸೇದುತ್ತಿದ್ದಳು
ಅಕ್ಕ ಪಾಠ ಓದುತ್ತಿದ್ದಳು
ಅಜ್ಜಿ ಒಬ್ಬಳೇ ಕಾಯುತ್ತಿದ್ದಳು

ತಾತ ಹಿಡಿದಿದ್ದ ಸ್ಟಿಕ್ಕಿನ ಅಗಲ ಕಡಿಮೆ. ಬಿಲ್ ಬುಕ್ಕಿನ ಕೆಲಸಕ್ಕೆ ಹೊಂದಿಸಿಟ್ಟದ್ದು. ನನ್ನ ಸಾಲು ಅದರಲ್ಲಿ ಹಿಡಿಸಲಿಲ್ಲ. ಹಿಡಿಸಿದಷ್ಟು ಜೋಡಿಸಿ ಉಳಿದದ್ದನ್ನು ಕೆಳಗೆ ಇಳಿಸಿದರು. ಕೊನೆಗೆ ಜಾಗ ಸಾಲದೆ ಅರ್ಧಕ್ಕೇ ನಿಲ್ಲಿಸಿ ಒಂದು ಪ್ರೂಫ್ ಎತ್ತಿ ಕೈಗೆ ಕೊಟ್ಟರು:

ಅಮ್ಮ ನೀರು
ಸೇದುತ್ತಿದ್ದಳು ಅಕ್ಕ
ಪಾಠ ಓದುತ್ತಿದ್ದಳು ಅಜ್ಜಿ
ಒಬ್ಬಳೇ

ಆ ಕಾಗದ ಹಿಡಿದುಕೊಂಡು ಮನೆಗೆ ನಡೆದದ್ದು ಈಗಲೂ ನೆನಪಿದೆ. ಪದಗಳೆಲ್ಲ ನನ್ನವೇ. ಆದರೆ ಈಗ ನೀರು ಸೇದುವವಳು ಅಮ್ಮನೂ ಹೌದು, ಅಕ್ಕನೂ ಹೌದು. ಅಜ್ಜಿ ಸಾಲಿನ ತುದಿಗೆ ಬಂದು ನಿಂತಿದ್ದಾಳೆ. ಅವಳು ಏನು ಮಾಡುತ್ತಿದ್ದಳು ಎಂದು ಹೇಳುವ ಕ್ರಿಯಾಪದವೇ ಇಲ್ಲ. ನನ್ನ ಪದ್ಯದಲ್ಲಿ ಅಜ್ಜಿ ಒಬ್ಬಳೇ ಎಂದು ಹೇಳಿದ್ದೆ. ಇಲ್ಲಿ ಅವಳು ನಿಜವಾಗಿ ಒಬ್ಬಳೇ ಇದ್ದಳು.

ಆಮೇಲೆ ಬಹಳ ದಿನ ಇದನ್ನೇ ಯೋಚಿಸಿದೆ. ಕನ್ನಡದಲ್ಲಿ ಕ್ರಿಯಾಪದ ಸಾಮಾನ್ಯವಾಗಿ ವಾಕ್ಯದ ಕೊನೆಗೆ ಬರುತ್ತದೆ. ಒಂದು ವಾಕ್ಯಕ್ಕೆ ಒಂದು ಸಾಲು ಎಂದು ಬರೆದರೆ ಪ್ರತಿ ಸಾಲೂ ‘ತ್ತಿದ್ದಳು’, ‘ತ್ತಾನೆ’, ‘ಯಿತು’ ಎಂದೇ ಮುಗಿಯುತ್ತದೆ. ಆ ಪ್ರಾಸವನ್ನು ವ್ಯಾಕರಣ ಬಿಟ್ಟಿ ಕೊಡುತ್ತದೆ, ಕವಿ ದುಡಿಯಬೇಕಾಗಿಲ್ಲ. ಹಳಗನ್ನಡದ ಕವಿಗಳು ಸಾಲಿನ ಎರಡನೇ ಅಕ್ಷರಕ್ಕೆ ಪ್ರಾಸ ಇಟ್ಟುಕೊಂಡದ್ದು ಯಾಕೆ ಎಂದು ನನಗೆ ಹೊಳೆದದ್ದು ಆಗ. ಇದು ನನ್ನ ಊಹೆ, ಆದರೆ ಈ ಊಹೆ ನನಗೆ ಬಹಳ ಕೆಲಸಕ್ಕೆ ಬಂದಿದೆ. ಸಾಲಿನ ಕೊನೆಯಲ್ಲಿ ಪ್ರಾಸ ಸುಲಭ. ಆರಂಭದಲ್ಲಿ ಕಷ್ಟ. ಅವರು ಕಷ್ಟದ ಕಡೆಯನ್ನೇ ಆರಿಸಿಕೊಂಡರು.

ನಮ್ಮ ಮನೆಗೆ ಸಾಹಿತ್ಯ ಪರಿಷತ್ತು ನಡೆದು ಹೋಗುವಷ್ಟು ಹತ್ತಿರ. ಅದು 1915ರಲ್ಲಿ ಶುರುವಾದ ಸಂಸ್ಥೆ. ಅಲ್ಲಿಯ ‘ಜಾಣ’ ಪರೀಕ್ಷೆಗೆ ಓದಿಕೊಂಡೆ. ನಾನು ಹೊಸ ಕಾವ್ಯ ಬರೆಯಲು ಹೊರಟವಳು. ಹಳೆಯದನ್ನು ಯಾಕೆ ಓದುತ್ತೀಯ ಎಂದು ಗೆಳತಿಯರು ಕೇಳುತ್ತಿದ್ದರು. ಆದರೆ ನನಗೆ ಸಿಕ್ಕ ದೊಡ್ಡ ಪ್ರಯೋಗಗಳು ಅಲ್ಲೇ ಸಿಕ್ಕವು. 13ನೇ ಶತಮಾನದ ಆಂಡಯ್ಯ ಒಂದು ಇಡೀ ಕಾವ್ಯವನ್ನು ಸಂಸ್ಕೃತದ ತತ್ಸಮ ಪದ ಬಳಸದೆ ಬರೆದ. ತದ್ಭವ ಮತ್ತು ದೇಶ್ಯ ಪದಗಳಷ್ಟೇ. ಅಲ್ಲಮನ ಬೆಡಗಿನ, ಅಂದರೆ ಒಗಟಿನಂಥ, ವಚನಗಳನ್ನು ಓದುವಾಗ ಒಂದೊಂದು ಪದವೂ ಗೊತ್ತು, ವಾಕ್ಯ ಮಾತ್ರ ಕೈಗೆ ಸಿಗುವುದಿಲ್ಲ. ಎರಡನೇ ಅಕ್ಷರದ ಪ್ರಾಸ ಕಡ್ಡಾಯ ಎನ್ನುವ ಕಾಲದಲ್ಲಿ ಮಂಜೇಶ್ವರದ ಗೋವಿಂದ ಪೈಗಳು 1911ರಲ್ಲಿ ಅದನ್ನು ಕೈಬಿಟ್ಟರು. ಆಂಡಯ್ಯ ನಿಯಮ ಹಾಕಿಕೊಂಡ, ಪೈಗಳು ತೆಗೆದರು. ಇಬ್ಬರೂ ಭಾಷೆಯನ್ನು ಕಿವಿಗೊಟ್ಟು ಕೇಳಿದ್ದರು. ಈ ಸಾಲಿನಲ್ಲಿ ನನಗೂ ಒಂದು ಜಾಗ ಬೇಕು ಅನಿಸಿತು.

ನನ್ನ ಮೊದಲ ದೊಡ್ಡ ಪ್ರಯೋಗ ಒತ್ತಕ್ಷರದ್ದು. ಗಮನಿಸಿದ್ದೀರಾ? ಅಮ್ಮ, ಅಪ್ಪ, ಅಕ್ಕ, ಅಣ್ಣ, ತಮ್ಮ, ಅಜ್ಜಿ, ಅತ್ತೆ. ಮನೆಯವರನ್ನು ಕರೆಯುವ ಎಷ್ಟೊಂದು ಪದಗಳಲ್ಲಿ ಒಂದು ಅಕ್ಷರದ ಕೆಳಗೆ ಅದೇ ಅಕ್ಷರ ಪುಟ್ಟದಾಗಿ ಜೋತುಬಿದ್ದಿರುತ್ತದೆ. ತಾಯಿಯ ಸೀರೆ ಹಿಡಿದು ನಿಂತ ಮಗುವಿನ ಹಾಗೆ. ನಮ್ಮ ಪ್ರೆಸ್ಸಿನಲ್ಲಿ ಆ ಒತ್ತು ಒಂದು ಬೇರೆ ಸೀಸದ ತುಂಡು. ಎತ್ತಿ ತೆಗೆಯಬಹುದು. ಹಾಗೆ ತೆಗೆಯುತ್ತಾ ಹೋಗುವ ಒಂದು ಪದ್ಯ ಮಾಡಿದೆ. ಮೇಲೆ ತುಂಬಿದ ಮನೆ. ಕೆಳಗೆ ಬಂದಂತೆ ಒತ್ತುಗಳು ಒಂದೊಂದಾಗಿ ಇಲ್ಲವಾಗುತ್ತವೆ. ಕೊನೆಯ ಸಾಲಿಗೆ ‘ಅಮ ಅಪ ಅಕ ಅಣ’ ಮಾತ್ರ. ತಾತ ಒತ್ತು ತೆಗೆದ ಕಡೆಯೆಲ್ಲ ಖಾಲಿ ಸೀಸ ತುಂಬಿದರು. ಏನನ್ನೂ ಕೇಳಲಿಲ್ಲ.

ಅದನ್ನು ಒಂದು ಪತ್ರಿಕೆಯ ವಿಶೇಷಾಂಕಕ್ಕೆ ಕಳಿಸಿದೆ. ಅಚ್ಚಾಗಿ ಬಂತು. ಒಂದೊಂದು ಒತ್ತನ್ನೂ ಅಚ್ಚುಕಟ್ಟಾಗಿ ವಾಪಸ್ ಸೇರಿಸಿದ್ದರು! ಕರಡು ತಿದ್ದಿದವರು ಅದನ್ನು ಅಚ್ಚಿನ ತಪ್ಪು ಎಂದುಕೊಂಡಿದ್ದರು. ನನ್ನ ಪದ್ಯ ಸಂಬಂಧಿಕರ ಒಂದು ಪಟ್ಟಿಯಾಗಿ ಉಳಿದಿತ್ತು. ಎರಡು ದಿನ ಊಟ ಸೇರಲಿಲ್ಲ. ಮೂರನೇ ದಿನ ಪದ್ಯವನ್ನು ಹೊಸಬಳ ಹಾಗೆ ಓದಿದೆ. ಕರಡು ತಿದ್ದಿದವರು ತಮ್ಮ ಕೆಲಸವನ್ನು ಚೆನ್ನಾಗಿಯೇ ಮಾಡಿದ್ದರು. ಒತ್ತು ಬೇಕೆಂದೇ ಬಿಟ್ಟದ್ದು ಎಂದು ಓದುಗನಿಗೆ ಹೇಳುವ ಏನೂ ನನ್ನ ಪದ್ಯದಲ್ಲಿ ಇರಲಿಲ್ಲ. ಅದನ್ನು ಮತ್ತೆ ಬರೆದೆ. ಮೊದಲ ಮೂರು ಸಾಲಿನಲ್ಲೇ ಆಟದ ನಿಯಮ ಕಾಣುವ ಹಾಗೆ ಮಾಡಿದೆ. ಹೊಸ ರೀತಿಯ ಪದ್ಯ ಬರೆಯುವವರಿಗೆ ಇದನ್ನು ಇವತ್ತಿಗೂ ಹೇಳುತ್ತೇನೆ. ನಿಮ್ಮ ಪದ್ಯ ಓದುಗನಿಗೆ ಹೊಸದಾಗಿದ್ದರೆ, ಅದನ್ನು ಓದುವ ದಾರಿಯನ್ನೂ ಪದ್ಯದೊಳಗೇ ಇಡಬೇಕು. ಅಡಿಟಿಪ್ಪಣಿಯಲ್ಲಿ ಇಡುವುದು ಬೇಡ.

ಅಮ್ಮ ತೀರಿಕೊಂಡ ವರ್ಷ ನನಗೆ ಬರೆಯಲು ಆಗಲಿಲ್ಲ. ಬರೆದದ್ದೆಲ್ಲ ಮೊದಲೇ ಯಾರೋ ಹೇಳಿದ್ದು ಅನಿಸುತ್ತಿತ್ತು. ಆ ಹೊತ್ತಿಗೆ ಕೈಗೆ ಬಂದದ್ದು ಸಂಸ್ಕೃತ ಕವಿ ದಂಡಿಯ ದಶಕುಮಾರಚರಿತದ ಒಂದು ಕತೆ. ಅದರಲ್ಲಿ ಒಬ್ಬನ ತುಟಿಗೆ ನೋವಾಗಿರುತ್ತದೆ. ಹಾಗಾಗಿ ತುಟಿ ಸೇರಿಸಿ ಆಡಬೇಕಾದ ಅಕ್ಷರಗಳನ್ನು ಬಿಟ್ಟು ಅವನು ತನ್ನ ಕತೆ ಹೇಳುತ್ತಾನೆ. ನಾನೂ ಹಾಗೆ ಬರೆದು ನೋಡೋಣ ಅಂದುಕೊಂಡೆ. ಪ, ಫ, ಬ, ಭ, ಮ ಇಲ್ಲ. ಉ, ಒ ಹೇಳುವಾಗಲೂ ತುಟಿ ದುಂಡಗಾಗುತ್ತದೆ. ಆದರೆ ನಾನು ತುಟಿಗೆ ತುಟಿ ಮುಟ್ಟುವ ಅಕ್ಷರಗಳನ್ನು ಮಾತ್ರ ಬಿಟ್ಟೆ.

ಬರೆಯಲು ಕೂತಾಗ ಗೊತ್ತಾಯಿತು. ‘ಅಮ್ಮ’ ಎನ್ನುವಂತಿಲ್ಲ. ‘ಅಪ್ಪ’ ಇಲ್ಲ. ‘ಮನೆ’ ಇಲ್ಲ, ‘ಮಗಳು’ ಇಲ್ಲ, ‘ನಮ್ಮ’ ಇಲ್ಲ. ‘ಬೇಕು’ ಇಲ್ಲ, ‘ಬೇಡ’ವೂ ಇಲ್ಲ. ‘ಹೋಗು’ ಎನ್ನಬಹುದು, ‘ಬಾ’ ಎನ್ನಲು ಆಗುವುದಿಲ್ಲ. ನನ್ನ ದುಃಖದ ಪದಗಳೆಲ್ಲ ತುಟಿಯಲ್ಲೇ ಇದ್ದವು. ಅವೆಲ್ಲ ಹೋದ ಮೇಲೆ ಉಳಿದದ್ದು ಸಾಮಾನುಗಳು:

ಒಲೆ ಆರಿದೆ
ಎರಡು ಲೋಟ ಇಟ್ಟೆ
ಒಂದನ್ನು ತೊಳೆದೆ
ಇನ್ನೊಂದು ಅಲ್ಲೇ ಇದೆ

ಒಟ್ಟು 40 ಸಾಲು. ಅದಕ್ಕೆ ಐದು ತಿಂಗಳು ಹಿಡಿಯಿತು. ಮುಗಿದ ದಿನ ಚಿಕ್ಕಮ್ಮನಿಗೆ ಓದಿ ಹೇಳಿದೆ. ನಿಯಮದ ವಿಷಯ ಅವರಿಗೆ ಹೇಳಿರಲಿಲ್ಲ. ಪೂರ್ತಿ ಕೇಳಿ ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ ಕೇಳಿದರು: ‘ಎಲ್ಲಾ ಚೆನ್ನಾಗಿದೆ ಕಣೆ. ಅಮ್ಮ ಅಂತ ಒಂದು ಸಲನಾದ್ರೂ ಬರೀಬಾರದಿತ್ತಾ?’ ನನಗೆ ಅಳು ತಡೆಯಲಾಗಲಿಲ್ಲ. ಆ ಪದ್ಯಕ್ಕೆ ಆಮೇಲೆ ಬಂದ ಯಾವ ಮಾತೂ ನನಗೆ ಇದಕ್ಕಿಂತ ದೊಡ್ಡದಲ್ಲ.

ಪ್ರಯೋಗದ ಕಾವ್ಯ ಎಂದರೆ ಬರೀ ಬುದ್ಧಿಯ ಕಸರತ್ತು ಎನ್ನುವವರು ಇದ್ದಾರೆ. ಅವರ ಜೊತೆ ವಾದ ಮಾಡುವ ಬದಲು ಈ ಪದ್ಯವನ್ನು ಓದುತ್ತೇನೆ.

ಸಂಪಾದಕಿಯಾದದ್ದು ಯೋಜನೆ ಹಾಕಿ ಅಲ್ಲ. ಅವೆನ್ಯೂ ರಸ್ತೆಯ ಹಳೆ ಪುಸ್ತಕದ ರಾಶಿಯಲ್ಲಿ ಗೋಪಾಲಕೃಷ್ಣ ಅಡಿಗರು ಸಂಪಾದಿಸುತ್ತಿದ್ದ ‘ಸಾಕ್ಷಿ’ ಪತ್ರಿಕೆಯ ಕೆಲವು ಸಂಚಿಕೆ ಸಿಕ್ಕವು. ‘ಭೂಮಿಗೀತ’ ಬರೆದ ಕವಿ ಅಡಿಗರನ್ನು ಓದಿದ್ದೆ. ಬೇರೆಯವರ ಬರಹವನ್ನು ಕೂತು ಆರಿಸುವ ಅಡಿಗರು ಹೊಸಬರಾಗಿ ಕಂಡರು. ಲಂಕೇಶರು 1970ರಲ್ಲಿ ಹೊಸ ಕವಿಗಳ ಸಂಕಲನ ‘ಅಕ್ಷರ ಹೊಸ ಕಾವ್ಯ’ ತಂದಾಗ ಅವರೂ ಕವಿಯೇ, ಮೇಷ್ಟ್ರೇ. ಕನ್ನಡದಲ್ಲಿ ಬರೆಯುವವರೇ ಇನ್ನೊಬ್ಬರ ಬರಹಕ್ಕೆ ಜಾಗ ಮಾಡಿಕೊಟ್ಟಿದ್ದಾರೆ. ನಾನೂ ಅಷ್ಟು ಮಾಡಬೇಕು ಅನಿಸಿತು.

ನಾಲ್ಕು ಜನ ಸೇರಿ ಒಂದು ಸಣ್ಣ ಪತ್ರಿಕೆ ಶುರು ಮಾಡಿದೆವು. ವರ್ಷಕ್ಕೆ ಮೂರು ಸಂಚಿಕೆ, 300 ಪ್ರತಿ. 16 ಪುಟದ ಎರಡು ಫಾರಂ, ಅಂದರೆ 32 ಪುಟ, ಮೇಲೊಂದು ರಕ್ಷಾಪುಟ. ಭಾನುವಾರ ರಾತ್ರಿ ನಮ್ಮ ಮನೆಯ ಹಾಲ್‌ನಲ್ಲಿ ಕೂತು ವಿಳಾಸ ಬರೆದು ಸ್ಟಾಂಪ್ ಅಂಟಿಸುತ್ತಿದ್ದೆವು. ಬಂದ ಪದ್ಯಗಳಿಗೆಲ್ಲ ಪತ್ರ ಬರೆಯುತ್ತಿದ್ದೆ. ಬೇಡ ಎಂದದ್ದಕ್ಕೂ. ‘ಏಳನೇ ಸಾಲು ನನಗೆ ಇಷ್ಟ, ಅದಕ್ಕಿಂತ ಮೊದಲಿನದು ಬೇಕಾ ನೋಡಿ’ ಎಂದು ಎರಡೇ ಮಾತಾದರೂ ಸರಿ. ಎಷ್ಟೋ ಪದ್ಯಗಳು ನಿಜವಾಗಿ ಶುರುವಾಗುವುದು ಮಧ್ಯದಲ್ಲಿ, ಅಲ್ವಾ? ಮೊದಲಿನ ಸಾಲುಗಳಲ್ಲಿ ಕವಿ ಗಂಟಲು ಸರಿಮಾಡಿಕೊಳ್ಳುತ್ತಿರುತ್ತಾರೆ.

ಆ ಕೆಲಸದಲ್ಲಿ ನಾನು ಮಾಡಿದ ಒಂದು ತಪ್ಪನ್ನು ಹೇಳಬೇಕು. ಬಾಗಲಕೋಟೆ ಕಡೆಯ ಹುಡುಗಿಯೊಬ್ಬಳು ಪದ್ಯ ಕಳಿಸಿದ್ದಳು. ಗುಳೆ ಹೋಗುವ ತಾಯಿಯ ಮಾತು ಅದು. ಒಳ್ಳೆಯ ಪದ್ಯ. ಅದರಲ್ಲಿ ‘ಹೊಂಟೀನಿ’ ಎಂದಿದ್ದ ಕಡೆಯೆಲ್ಲ ‘ಹೊರಟಿದ್ದೇನೆ’ ಎಂದು ತಿದ್ದಿದೆ. ಎಲ್ಲರಿಗೂ ತಿಳಿಯಲಿ ಎಂಬುದು ನನ್ನ ಉದ್ದೇಶ. ಸಂಚಿಕೆ ತಲುಪಿದ ಮೇಲೆ ಅವಳ ಕಾರ್ಡು ಬಂತು: ‘ಅಕ್ಕಾರ, ನಮ್ಮವ್ವ ಮಾತಾಡೂದು ಹಿಂಗ. ನೀವು ತಿದ್ದಿದ್ದು ಓದಿದ್ರ ಆಕಿ ಧ್ವನಿ ಕೇಳಸೂದಿಲ್ಲ.’

ನಾನು ಹಸ್ತಪ್ರತಿ ತೆಗೆದು ಬೆರಳಿನಲ್ಲಿ ಮಾತ್ರೆ ಎಣಿಸಿದೆ. ಮಾತ್ರೆ ಎಂದರೆ ಅಕ್ಷರ ಹೇಳಲು ಹಿಡಿಯುವ ಹೊತ್ತಿನ ಅಳತೆ: ಹ್ರಸ್ವಕ್ಕೆ ಒಂದು, ದೀರ್ಘಕ್ಕೆ, ಸೊನ್ನೆ ಇರುವುದಕ್ಕೆ, ಒತ್ತಕ್ಷರದ ಹಿಂದಿನದಕ್ಕೆ ಎರಡು. ‘ಹೊಂಟೀನಿ’ ಐದು ಮಾತ್ರೆ. ಅವಳ ಇಡೀ ಪದ್ಯ ಐದೈದು ಮಾತ್ರೆಯ ನಡಿಗೆಯಲ್ಲಿತ್ತು. ‘ಹೊರಟಿದ್ದೇನೆ’ ಏಳು. ನಾನು ತಿದ್ದಿದ ಕಡೆಯೆಲ್ಲ ಆ ತಾಯಿ ಎಡವಿದ್ದಳು. ಭಾಷೆಯೂ ಹೋಗಿತ್ತು, ಹೆಜ್ಜೆಯೂ ಹೋಗಿತ್ತು. ಮುಂದಿನ ಸಂಚಿಕೆಯ ಮೊದಲ ಪುಟದಲ್ಲಿ ಅವಳ ಪದ್ಯವನ್ನು ಅವಳು ಬರೆದ ಹಾಗೇ ಹಾಕಿ ಕ್ಷಮೆ ಕೇಳಿದೆ. ಅಂದಿನಿಂದ ಯಾರ ಪದ್ಯವನ್ನು ತಿದ್ದುವ ಮೊದಲೂ ಗಟ್ಟಿಯಾಗಿ ಓದಿ ಎಣಿಸುತ್ತೇನೆ. ಗದ್ಯದ ಹಾಗೆ ಕಂಡರೂ ಎಣಿಸುತ್ತೇನೆ.

ದುಡ್ಡಿನ ಮಾತು ಬೇಗ ಮುಗಿಸುತ್ತೇನೆ. ಕಾವ್ಯದಿಂದ ನನ್ನ ಮನೆ ನಡೆಯಲಿಲ್ಲ. ಪುಸ್ತಕಗಳ ಕರಡು ತಿದ್ದುವುದು, ಅನುವಾದ, ಪಠ್ಯಪುಸ್ತಕದ ಕೆಲಸ, ಇವುಗಳಿಂದ ನಡೆಯಿತು. ನನ್ನ ಮೊದಲ ಸಂಕಲನ 500 ಪ್ರತಿ ಅಚ್ಚಾಯಿತು. ಖಾಲಿಯಾಗಲು ಆರು ವರ್ಷ ಬೇಕಾಯಿತು. ಪತ್ರಿಕೆ ಹನ್ನೊಂದು ವರ್ಷ ನಡೆದು ನಿಂತಿತು. ಕಾಗದದ ಬೆಲೆ ಒಂದು ಕಾರಣ. ನಾಲ್ಕು ಜನರಲ್ಲಿ ಇಬ್ಬರು ಊರು ಬಿಟ್ಟದ್ದು ಇನ್ನೊಂದು ಕಾರಣ.

ಪತ್ರಿಕೆ ನಿಂತ ಮೇಲೆ ಕೈ ಖಾಲಿ ಅನಿಸಿತು. ಹೊಸಬರ ಪದ್ಯ ಓದದೆ ವಾರ ಕಳೆಯುವುದು ಕಷ್ಟವಾಯಿತು. ಬಸವನಗುಡಿಯಲ್ಲಿ ಗೆಳತಿಯೊಬ್ಬಳ ಮನೆಯ ಮಹಡಿಯಲ್ಲಿ ಭಾನುವಾರ ಬೆಳಿಗ್ಗೆ ಬರವಣಿಗೆಯ ತರಗತಿ ಶುರು ಮಾಡಿದೆ. ಮೊದಲ ವಾರ ಐದು ಜನ. ಬ್ಯಾಂಕಿನಿಂದ ನಿವೃತ್ತರಾದವರು ಒಬ್ಬರು, ಇಬ್ಬರು ಸಾಫ್ಟ್‌ವೇರ್ ಕೆಲಸದವರು, ಒಬ್ಬಳು ಕಾಲೇಜು ಹುಡುಗಿ, ಒಬ್ಬ ನರ್ಸ್.

ಛಂದಸ್ಸು ಎಂದ ತಕ್ಷಣ ಎಲ್ಲರ ಮುಖ ಬಾಡಿತು. ಹೈಸ್ಕೂಲಿನಲ್ಲಿ ಒಂದು ಮಾತ್ರೆಗೆ ಲಘು, ಎರಡಕ್ಕೆ ಗುರು ಎಂದು ಗುರುತು ಹಾಕಿ ಅಂಕ ತಗೊಂಡು ಮರೆತವರು ಅವರು. ಬೋರ್ಡಿನ ಮೇಲೆ ಸೂತ್ರ ಬರೆದರೆ ಮುಂದಿನ ವಾರ ಯಾರೂ ಬರುವುದಿಲ್ಲ ಎಂದು ಗೊತ್ತಾಯಿತು. ‘ನೀವು ಯಾವ ಏರಿಯಾದಿಂದ ಬಂದಿರಿ?’ ಎಂದು ಕೇಳಿದೆ. ಬಂದ ಹೆಸರುಗಳನ್ನೇ ಚಪ್ಪಾಳೆ ತಟ್ಟಿ ಎಣಿಸಿದೆವು. ಜಯನಗರ ಐದು ಮಾತ್ರೆ. ಹಲಸೂರು ಐದು. ಯಲಹಂಕ ಐದು. ಬಸವನಗುಡಿ ಆರು, ಒಂದೂ ಗುರುವಿಲ್ಲದೆ ಓಡುವ ಹೆಸರು. ಮಲ್ಲೇಶ್ವರವೂ ಆರೇ. ಆದರೆ ಅಲ್ಲಿ ಎರಡು ಗುರು ಮುಂದೆ ಕೂತಿವೆ, ನಡಿಗೆ ನಿಧಾನ. ಎರಡನ್ನೂ ಒಂದರ ಹಿಂದೆ ಒಂದು ಹೇಳಿ ನೋಡಿ. ಆ ವ್ಯತ್ಯಾಸ ಬಾಯಿಗೇ ತಿಳಿಯುತ್ತದೆ.

ಕೋರಮಂಗಲ ಬಂದಾಗ ನಾನೇ ಕುರ್ಚಿಯಿಂದ ಎದ್ದೆ. ‘ಕೋರ’ ಮೂರು, ‘ಮಂಗಲ’ ನಾಲ್ಕು. ಮೂರು ನಾಲ್ಕು ಎಂದರೆ ಆರು ಸಾಲಿನ ಪದ್ಯವಾದ ಭಾಮಿನಿ ಷಟ್ಪದಿಯ ನಡಿಗೆ! ಕುಮಾರವ್ಯಾಸನ ನಡಿಗೆ. ಭಾಮಿನಿಯ ಚಿಕ್ಕ ಸಾಲಿಗೆ ಮೂರು ನಾಲ್ಕು ಮೂರು ನಾಲ್ಕು, ಒಟ್ಟು 14 ಮಾತ್ರೆ ಬೇಕು. ಉಳಿದ ಏಳನ್ನು ಯಾರು ತುಂಬುತ್ತೀರಿ ಎಂದೆ. ಹತ್ತು ನಿಮಿಷ ಎಲ್ಲರೂ ಬೆರಳು ಮಡಚುತ್ತಾ ಕೂತರು. ನರ್ಸ್ ಹುಡುಗಿ ಮೊದಲು ಹೇಳಿದಳು. ಅವಳು ದಿನಾ ಹೋಗುವ ಬಸ್ಸಿನ ದಾರಿ ಅದು:

ಕೋರಮಂಗಲ ಶಾಂತಿನಗರದ
ಬಸ್ಸು ಬಂದಿತೆ ಹತ್ತಿ ಹೊರಡಿರಿ

ಎಣಿಸಿ ನೋಡಿ, ಸರಿಯಾಗಿ ಕೂರುತ್ತದೆ. ಕಾವ್ಯವನ್ನು ರಾಗವಾಗಿ ಓದುವ ಗಮಕಿಗಳ ಧಾಟಿಯಲ್ಲಿ ಅದನ್ನೇ ಎಲ್ಲರೂ ಸೇರಿ ಹಾಡಿದೆವು. ಕೆಳಗಿನ ಮನೆಯವರು ಮೆಟ್ಟಿಲು ಹತ್ತಿ ಬಂದು ನಿಂತು ಕೇಳಿದರು. ಛಂದಸ್ಸು ಹಳೆಯ ಪುಸ್ತಕದಲ್ಲಿ ಇರುವಂಥದ್ದು ಅಂದುಕೊಂಡಿದ್ದವರಿಗೆ ಅದು ಬಸ್ಸಿನ ಬೋರ್ಡಿನಲ್ಲೇ ಸಿಕ್ಕಿತು.

ಎಣಿಸಲು ಬಂದ ಮೇಲೆ ಬಿಡುವುದನ್ನು ಕಲಿಸುತ್ತೇನೆ. ಮೆಜೆಸ್ಟಿಕ್ ಬಸ್ ನಿಲ್ದಾಣದಲ್ಲಿ ಒಂದು ಗಂಟೆ ಕೂತು ಕಿವಿಗೆ ಬಿದ್ದದ್ದನ್ನು ಮಾತ್ರ ಬರೆದು ತರಬೇಕು. ಒಂದು ಪದವನ್ನೂ ಸೇರಿಸುವ ಹಾಗಿಲ್ಲ. ಸಾಲು ಮುರಿಯುವ ಸ್ವಾತಂತ್ರ್ಯ ಮಾತ್ರ ಅವರದು. ಕಂಡಕ್ಟರ್ ಕೂಗು, ಫೋನಿನಲ್ಲಿ ಯಾರೋ ಆಡುವ ಜಗಳ, ತೆಲುಗು, ತಮಿಳು, ಉರ್ದು, ಎಲ್ಲವೂ ಬರುತ್ತದೆ. ನಮ್ಮ ಊರಿನ ಕನ್ನಡದ ಸುತ್ತ ಅವೆಲ್ಲ ಇವೆ. ಆಮೇಲೆ ಅದೇ ಪದಗಳನ್ನು ಇಬ್ಬರಿಗೆ ಕೊಟ್ಟು ಬೇರೆ ಬೇರೆ ಕಡೆ ಮುರಿಯಲು ಹೇಳುತ್ತೇನೆ. ಒಂದೇ ಮಾತು ಎರಡು ಪದ್ಯವಾಗುವುದನ್ನು ಅವರು ಕಣ್ಣಾರೆ ನೋಡುತ್ತಾರೆ. ನನಗೆ ತಾತ ಪ್ರೂಫ್ ಎತ್ತಿ ಕೊಟ್ಟ ದಿನ ಆದದ್ದು ಅದೇ.

ಕಲಿಸಲು ಶುರು ಮಾಡಿದ ಮೇಲೆ ನನ್ನ ಬರವಣಿಗೆ ನಿಧಾನವಾಯಿತು. ಅದಕ್ಕೆ ನನಗೆ ಬೇಸರವಿಲ್ಲ. ಕೆ.ವಿ. ತಿರುಮಲೇಶರು ‘ಅಕ್ಷಯ ಕಾವ್ಯ’ ಎಂಬ ನೀಳ್ಗಾವ್ಯವನ್ನು ಪ್ರಕಟಿಸಿದಾಗ ಅವರಿಗೆ ಸುಮಾರು 70 ವರ್ಷ. 2015ರ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಅದಕ್ಕೆ ಬಂತು. ಆ ಪುಸ್ತಕ ನನ್ನ ಮೇಜಿನ ಮೇಲೇ ಇರುತ್ತದೆ. ಆ ವಯಸ್ಸಿನಲ್ಲೂ ಹೊಸ ರೂಪ ಹುಡುಕಿದವರು ನಮ್ಮ ಭಾಷೆಯಲ್ಲಿ ಇದ್ದರು ಎಂಬುದು ನನಗೆ ದೊಡ್ಡ ಧೈರ್ಯ.

ಪ್ರೆಸ್ಸು ಮುಚ್ಚಿದಾಗ ಮೊಳೆಗಳನ್ನೆಲ್ಲ ತೂಕಕ್ಕೆ ಹಾಕಿದರು. ಚಿಕ್ಕಪ್ಪ ತಾತನ ಸ್ಟಿಕ್ಕನ್ನು ನನಗೆ ಕೊಟ್ಟರು. ತರಗತಿಗೆ ಅದನ್ನು ತಗೊಂಡು ಹೋಗುತ್ತೇನೆ. ಈಗ ಎಲ್ಲರೂ ಫೋನಿನಲ್ಲೇ ಬರೆಯುತ್ತಾರೆ, ಪರದೆ ತನ್ನಿಷ್ಟದಂತೆ ಸಾಲು ಮುರಿಯುತ್ತದೆ. ಅದಕ್ಕೇ ಕಾಗದಕ್ಕೆ ಇಳಿಸಿಕೊಂಡು ಬನ್ನಿ ಎನ್ನುತ್ತೇನೆ.

ಹೋದ ಭಾನುವಾರ ಹೊಸ ಹುಡುಗನೊಬ್ಬ ಬಂದಿದ್ದ. ರಾತ್ರಿ ಹೊತ್ತು ಬೈಕಿನಲ್ಲಿ ಊಟ ತಲುಪಿಸುವ ಕೆಲಸ. ಅವನ ಪದ್ಯದಲ್ಲಿ ಹದಿನಾಲ್ಕನೇ ಮಹಡಿಯ ಒಂದು ಬಾಗಿಲು ಇತ್ತು. ಬಾಗಿಲು ತೆರೆಯುತ್ತದೆ, ಕೈ ಕಾಣುತ್ತದೆ, ಮುಖ ಕಾಣುವುದಿಲ್ಲ. ಕೊನೆಯಲ್ಲಿ ‘ಕೈ ಮಾತ್ರ ಥ್ಯಾಂಕ್ಸ್ ಅಂದಿತು’ ಎಂದು ಒಂದೇ ಸಾಲು ಬರೆದಿದ್ದ.

‘ಇದನ್ನ ಮುರೀಲಾ ಮೇಡಂ? ಎಲ್ಲಿ ಮುರೀಲಿ?’ ಎಂದ.

ಗಟ್ಟಿಯಾಗಿ ಓದು ಎಂದೆ. ಓದಿದ. ಇನ್ನೊಂದು ಸಲ ಎಂದೆ. ಈ ಸಲ ‘ಕೈ ಮಾತ್ರ’ ಆದ ಮೇಲೆ ಅವನ ಉಸಿರು ಒಂದು ಕ್ಷಣ ನಿಂತಿತು. ಅವನು ತಲೆ ಎತ್ತಿ ನನ್ನನ್ನು ನೋಡಿದ. ಆಮೇಲೆ ಪಕ್ಕದವರ ಹತ್ತಿರ ಪೆನ್ಸಿಲ್ ಕೇಳಿ ತಗೊಂಡ.